ಎಡಮುರಿ ಕ್ಲಾಂಪು

ಅಜ್ಜಾವರದ ದೇರಣ್ಣನ ಸೊಂಟ ಉಳುಕಿದ್ದು ಒಂದು ಕ್ಲಾಂಪು ಬಿಚ್ಚಲು ಹೋಗಿ. ಅರವತ್ತಮೂರನೇ ಇಸವಿಯ ಮಾರ್ಚ್ ತಿಂಗಳು. ಪಯಸ್ವಿನಿಯ ದಡದ ಗದ್ದೆಯಲ್ಲಿ ಸೌತೆಯ, ಬಚ್ಚಂಗಾಯಿ ಎಂಬ ಕಲ್ಲಂಗಡಿಯ ಬಳ್ಳಿಗಳು ಬಾಡತೊಡಗಿದ್ದವು. ಹೊಳೆಯಲ್ಲಿ ನೀರಿತ್ತು, ದಡದಲ್ಲಿ ಹೊಸದಾಗಿ ತಂದ ಡೀಸೆಲ್ ಪಂಪು ಇತ್ತು, ನೀರು ಮಾತ್ರ ಮೇಲೆ ಬರುತ್ತಿರಲಿಲ್ಲ. ಹೊಳೆಯಿಂದ ನೀರೆಳೆಯುವ ಪೈಪು ಪಂಪಿಗೆ ಸೇರುವಲ್ಲಿ ಸೊಯ್ಯೆಂದು ಗಾಳಿ ನುಗ್ಗುತ್ತಿತ್ತು. ಅಲ್ಲಿ ಪೈಪನ್ನು ಸುತ್ತಿ ಹಿಡಿದಿದ್ದ ಪಟ್ಟಿ ಕ್ಲಾಂಪನ್ನು ಬಿಗಿ ಮಾಡಿ ಮಾಡಿ ಸಾಕಾದ ದೇರಣ್ಣ, ಬಿಚ್ಚಿಯೇ ನೋಡುವ ಎಂದುಕೊಂಡರೆ ಸ್ಕ್ರೂವಿನ ಹಲ್ಲು ಸವೆದು ಸುಮ್ಮನೆ ತಿರುಗಿತು. ಪಂಪಿಗೆ ಒಂದು ಕಾಲು ಕೊಟ್ಟು ಎಳೆದ. ಕ್ಲಾಂಪು, ಪೈಪು, ದೇರಣ್ಣ ಒಟ್ಟಿಗೇ ಬಂದು ಸೌತೆ ಬಳ್ಳಿಯ ಮೇಲೆ ಬಿದ್ದರು.

ಮೂರು ದಿನ ಚಾಪೆಯಲ್ಲೇ ಮಲಗಿ, ಎಣ್ಣೆ ತಿಕ್ಕಿಸಿಕೊಳ್ಳುತ್ತ, "ನಾನು ಏಳುವವರೆಗೆ ಇಂಜಿನು ಯಾರೂ ಮುಟ್ಟುದು ಬೇಡ" ಎಂದು ಅಪ್ಪಣೆ ಮಾಡಿದ.

"ನೀವು ಏಳುವಾಗ ಬಳ್ಳಿ ಮಲಗ್ತದೆ" ಎಂದಳು ಹೆಂಡತಿ ದುಗ್ಗಮ್ಮ.

ನಲವತ್ತೈದು ದಾಟಿದ ದುಗ್ಗಮ್ಮ ಅಲ್ಲಿಯವರೆಗೆ ಆ ಇಂಜಿನಿನ ಹತ್ತಿರವೂ ಸುಳಿದವಳಲ್ಲ. ನಾಲ್ಕನೆಯ ದಿನ ಬೆಳಿಗ್ಗೆ ಪೈಪಿನ ತುದಿಯಿಂದ ಒಂದು ಮೊಳ ಗರಗಸದಲ್ಲಿ ಕೊಯ್ದು ಮಾದರಿಗೆಂದು ತೆಗೆದುಕೊಂಡಳು. ಸುಳ್ಯದವರೆಗೆ ನಡೆದು, ಪುತ್ತೂರಿನ ಬಸ್ಸು ಹತ್ತಿ, ಮಡಿಲಲ್ಲಿ ಆ ಕಪ್ಪು ತುಂಡನ್ನು ಇಟ್ಟುಕೊಂಡು ಕೂತಳು. ಪಕ್ಕದ ಸೀಟಿನ ಮುದುಕ ಸ್ವಲ್ಪ ಹೊತ್ತು ನೋಡಿ, ಕೇಳಿ ತೆಗೆದುಕೊಂಡು, ಒಂದು ತುದಿಯನ್ನು ಕಿವಿಗೆ ಇಟ್ಟ. ಕಂಡಕ್ಟರ್ ರವೂಫ್ ಇನ್ನೊಂದು ತುದಿಗೆ ಬಾಯಿಟ್ಟು "ಟಿಕೇಟು ಎಲ್ಲಿಗೆ?" ಎಂದ. "ಪುತ್ತೂರಿಗೆ" ಎಂದ ಮುದುಕ, ಅದೇ ಪೈಪಿನೊಳಗಿಂದ. ಪೈಪು ಸೀಟಿನಿಂದ ಸೀಟಿಗೆ ಹೋಯಿತು. ಪುತ್ತೂರು ಬರುವಷ್ಟರಲ್ಲಿ ಅರ್ಧ ಬಸ್ಸು ಪೈಪಿನಲ್ಲೇ ಮಾತಾಡಿ ಮುಗಿಸಿತ್ತು, ದುಗ್ಗಮ್ಮನಿಗೆ ನಕ್ಕು ನಕ್ಕು ಪಕ್ಕೆ ನೋಯುತ್ತಿತ್ತು.

ಪೇಟೆಯಲ್ಲಿ ಪಂಪಿನ ಸಾಮಾನು ಮಾರುವವರು ಹಕೀಮ್ ಸಾಹೇಬರು. ಪೈಪಿನ ಮೇಲೆ ಬೆರಳಾಡಿಸಿ ನೋಡಿದರು.

"ಇದಕ್ಕೆ ಪಟ್ಟಿ ಕ್ಲಾಂಪು ಹಾಕಿದ್ದು ಯಾರು?"

"ನಮ್ಮವರು."

"ಅದು ನುಣುಪು ಪೈಪಿಗೆ ಆಗುದು. ಇದರ ಮೈಯಲ್ಲಿ ಉಬ್ಬಿದ ಏಣು ಸುತ್ತಿಕೊಂಡು ಹೋಗಿದೆ ನೋಡಿ, ನಡುವೆ ತಗ್ಗಿನ ತೋಡು. ಪಟ್ಟಿ ಏಣಿನ ಮೇಲೆ ಕೂರ್ತದೆ, ಅಡಿಯ ತೋಡಿನಲ್ಲಿ ಗಾಳಿ ಆರಾಮಾಗಿ ಹೋಗ್ತದೆ. ಇದಕ್ಕೆ ಜೋಡಿ ತಂತಿಯದ್ದು ಬೇಕು. ತಂತಿ ಸೀದಾ ತೋಡಿನೊಳಗೆ ಕೂರ್ಬೇಕು."

ಓರೆಯಾಗಿ ಸುತ್ತಿದ ಎರಡು ದಪ್ಪ ತಂತಿ, ಎರಡು ಬೋಲ್ಟು ಇರುವ ಕ್ಲಾಂಪೊಂದನ್ನು ಅವರು ಪೆಟ್ಟಿಗೆಯಿಂದ ತೆಗೆದು ಕೊಟ್ಟರು. ದುಗ್ಗಮ್ಮ ಅಲ್ಲೇ ತೊಡಿಸಿ ನೋಡಿದಳು. ತಂತಿ ತೋಡಿನಲ್ಲಿ ಕೂರಲಿಲ್ಲ. ಏಣನ್ನು ಅಡ್ಡ ಹತ್ತಿ ನಿಂತಿತು. ಸಾಹೇಬರು ಹಿಂದುಮುಂದು ಮಾಡಿ ಹಾಕಿದರು. ಆಗಲೂ ಹತ್ತಿತು. ಬೇರೊಂದು ತಂದರು, ಅದೂ ಹತ್ತಿತು. ಸಾಹೇಬರ ಹಣೆಯಲ್ಲಿ ಬೆವರು.

ದುಗ್ಗಮ್ಮ ಪೈಪನ್ನು ಒಂದು ಕೈಯಲ್ಲಿ, ಕ್ಲಾಂಪನ್ನು ಇನ್ನೊಂದರಲ್ಲಿ ಹಿಡಿದು ಬಾಗಿಲ ಬೆಳಕಿಗೆ ಬಂದಳು. ತೆಂಗಿನ ನಾರಿನ ಹಗ್ಗ ಹೊಸೆದು ಬೆಳೆದ ಕೈ ಅವಳದು. ಹುರಿ ಯಾವ ಕಡೆಗೆ ತಿರುಗಿದೆ ಎಂದು ಕಣ್ಣಿಗಿಂತ ಬೆರಳಿಗೇ ಮೊದಲು ಗೊತ್ತಾಗುತ್ತಿತ್ತು.

"ಸಾಯ್ಬ್ರೆ, ನಮ್ಮ ಪೈಪು ಎಡಮುರಿ. ನಿಮ್ಮ ಕ್ಲಾಂಪು ಬಲಮುರಿ. ಹೇಗೆ ತಿರುಗಿಸಿದ್ರೂ ಬಲಮುರಿ ಬಲಮುರಿಯೇ."

ಹಕೀಮ್ ಸಾಹೇಬರು ಪೈಪನ್ನು ತಾವೂ ಬೆಳಕಿಗೆ ಹಿಡಿದು ನೋಡಿದರು. ಆಮೇಲೆ ಏಣಿ ಹಾಕಿ ಅಟ್ಟ ಹತ್ತಿ, ಧೂಳು ತುಂಬಿದ ಗೋಣಿಚೀಲವೊಂದನ್ನು ಎಳೆದು ತಂದು ನೆಲಕ್ಕೆ ಸುರಿದರು. ಎಲ್ಲ ಜೋಡಿ ತಂತಿಯ ಕ್ಲಾಂಪುಗಳೇ. ದುಗ್ಗಮ್ಮ ಒಂದನ್ನು ತೊಡಿಸಿದಳು. ಎರಡೂ ತಂತಿ ತೋಡಿನೊಳಗೆ ಹೇಳಿ ಮಾಡಿಸಿದಂತೆ ಜಾರಿ ಕೂತವು.

"ಮೂರು ವರ್ಷದಿಂದ ಇವನ್ನು ತಪ್ಪಿ ಮಾಡಿದ್ದು ಅಂತ ಮೂಲೆಗೆ ಹಾಕಿದ್ದೆ ನಾನು" ಎಂದರು ಸಾಹೇಬರು. ಹೇಳುತ್ತ ಹೇಳುತ್ತ ನಗು ಬಂತು, ಏಣಿಯ ಮೆಟ್ಟಿಲ ಮೇಲೆ ಕೂತುಬಿಟ್ಟರು. "ಅಂಗಡಿ ಇಟ್ಟದ್ದು ನಾನು. ಕಲಿಸಿದ್ದು ನೀವು. ಚಾ ಕುಡಿದೇ ಹೋಗ್ಬೇಕು."

ಚಾದ ಜೊತೆ ಪಾಠವೂ ಆಯಿತು. ಪಂಪಿನ ಮೂತಿಗೆ ಸಾಬೂನು ನೀರು ಸವರಿ ಪೈಪು ತುರುಕಬೇಕು, ಕ್ಲಾಂಪನ್ನು ಪೈಪಿನ ತುದಿಯಿಂದ ಒಂದು ಬೆರಳು ಬಿಟ್ಟು ಕೂರಿಸಬೇಕು, ಎರಡು ಬೋಲ್ಟನ್ನೂ ಸರದಿಯಂತೆ ಅಷ್ಟಷ್ಟೇ ತಿರುಗಿಸಬೇಕು. "ಬಿಚ್ಚುವಾಗ ಸೀಮೆಎಣ್ಣೆ ಬಿಟ್ಟು ಅರ್ಧ ಗಂಟೆ ಕಾಯಿರಿ. ಎಳಿಲಿಕ್ಕೆ ಹೋಗ್ಬೇಡಿ."

"ಎಳೆದವರು ಮನೆಯಲ್ಲಿ ಮಲಗಿದ್ದಾರೆ" ಎಂದಳು ದುಗ್ಗಮ್ಮ.

ಸಂಜೆಯ ಬಿಸಿಲಿರುವಾಗಲೇ ಹೊಳೆಬದಿಗೆ ಬಂದಳು. ಸುದ್ದಿ ಕೇಳಿ ಚಾಪೆಯಲ್ಲಿ ಮಲಗಿರಲಾಗದೆ ದೇರಣ್ಣ ಕುರ್ಚಿಯಲ್ಲಿ ಕೂತೇ ಬಂದ. ನೆರೆಮನೆಯ ಬೋಜಪ್ಪ ಮತ್ತು ಅವನ ತಮ್ಮ ಕುರ್ಚಿ ಹೊತ್ತಿದ್ದರು. ದುಗ್ಗಮ್ಮ ಸಾಬೂನು ಸವರಿದಳು, ಪೈಪು ತುರುಕಿದಳು, ಕ್ಲಾಂಪು ಕೂರಿಸಿ ಬೋಲ್ಟು ತಿರುಗಿಸಿದಳು.

"ಇನ್ನೂ ಬಿಗಿ ಮಾಡು" ಎಂದ ದೇರಣ್ಣ.

"ಸಾಕು."

ಪಂಪಿಗೆ ನೀರು ತುಂಬಿ, ಬೋಜಪ್ಪ ಹ್ಯಾಂಡಲು ತಿರುಗಿಸಿದ. ಇಂಜಿನು ಕೆಮ್ಮಿ, ಹೊಗೆಯುಗುಳಿ, ಡಬಡಬ ಎಂದಿತು. ಸೊಯ್ಯೆಂಬ ಸದ್ದಿಲ್ಲ. ಪೈಪು ಒಮ್ಮೆ ಮೈ ಕೊಡವಿತು. ಮರುಗಳಿಗೆ ನೀರು ಬಂದೇ ಬಂತು. ಆದರೆ ಬರಬೇಕಾದ ಕಡೆಗಲ್ಲ. ನೀರು ಹೊರಗೆ ಹೋಗುವ ಕಡೆಯ ಕ್ಯಾನ್ವಾಸು ಪೈಪನ್ನು ದೇರಣ್ಣ ಹಗ್ಗದಲ್ಲಿ ಕಟ್ಟಿದ್ದ. ಅದು ಪಟ್ಟನೆ ಕಳಚಿ ಹೋಗಿ, ಪಂಪಿನ ಬಾಯಿಂದ ತೋಳು ದಪ್ಪದ ನೀರು ನೇರ ಕುರ್ಚಿಗೇ ಹೊಡೆಯಿತು. ಬೋಜಪ್ಪನೂ ತಮ್ಮನೂ ಓಡಿದರು. ದೇರಣ್ಣನಿಗೆ ಏಳಲಾಗದು. ಕೂತಲ್ಲೇ ತಲೆಯಿಂದ ಕಾಲಿನವರೆಗೆ ಮಿಂದ.

"ನಿಲ್ಲಿಸು ಮಾರಾಯ್ತಿ!"

ದುಗ್ಗಮ್ಮ ನಿಲ್ಲಿಸಲು ಹೊರಟವಳು ನಗು ತಡೆಯಲಾರದೆ ಇಂಜಿನನ್ನು ಹಿಡಿದು ಬಗ್ಗಿದಳು. ಅವಳನ್ನು ನೋಡಿ ದೇರಣ್ಣನಿಗೂ ನಗು ಬಂತು. ನಕ್ಕರೆ ಸೊಂಟ ಹಿಡಿಯುತ್ತಿತ್ತು, ಹಿಡಿದಷ್ಟೂ ನಗು. "ನಗಿಸ್ಬೇಡ, ನೋಯ್ತದೆ" ಎನ್ನುತ್ತ ಕಣ್ಣೀರು ಸುರಿಸಿದ. ಆ ಮುಖದಲ್ಲಿ ಯಾವುದು ಕಣ್ಣೀರು, ಯಾವುದು ಹೊಳೆಯ ನೀರು ಎಂದು ತಿಳಿಯುವಂತಿರಲಿಲ್ಲ.

ಇಂಜಿನು ನಿಲ್ಲಿಸಿ, ಆ ತುದಿಗೆ ಬೋಜಪ್ಪ ತಂತಿ ಸುತ್ತಿ ಇಕ್ಕಳದಲ್ಲಿ ತಿರುಚಿದ. ಎರಡನೇ ಸಲ ಹ್ಯಾಂಡಲಿಗೆ ಕೈ ಹಾಕಿದ್ದು ದುಗ್ಗಮ್ಮ. ನೀರು ಕಾಲುವೆಗೆ ಬಿತ್ತು. ಅವಳು ಸೀರೆ ಎತ್ತಿ ಕಟ್ಟಿ, ಗುದ್ದಲಿ ಹಿಡಿದು, ಹರಿಯುವ ನೀರಿನ ಮುಂದೆಮುಂದೆ ಓಡುತ್ತ ಒಂದೊಂದೇ ಸಾಲಿನ ಬಾಯಿ ಬಿಡಿಸಿದಳು.

"ಚಳಿಯಾಗ್ತದೆ, ಮನೆಗೆ ಹೋಗುವ" ಎಂದು ದೇರಣ್ಣ ಕೂಗಿದ.

"ನೀವು ಹೋಗಿ. ಬಚ್ಚಂಗಾಯಿಯ ಸಾಲು ಇನ್ನೂ ಬಾಕಿ ಉಂಟು" ಎಂದು ಅವಳು ಗದ್ದೆಯ ಆ ಕೊನೆಯಿಂದ ಹೇಳಿದಳು.