ಜೋಳದ ಕಾಳಿನಷ್ಟು ತಡಿ

ಹೆಪ್ಪು ಹಾಕಿದ ಹಾಲು ಇನ್ನೂ ಹಾಲಾಗಿಯೇ ಇದೆ, ಬೆರಳ ತುದಿಗೆ ಹುಳಿ ಹತ್ತುತ್ತಿಲ್ಲ, ಹೊಸ್ತಿಲು ದಾಟಿ ಒಳಗೆ ಬಂದ ಬಿಸಿಲು ಬೀಸುಕಲ್ಲಿನ ಅಂಚಿಗೆ ತಾಗಿ ಬೆಳಗಿನಿಂದ ಅಲ್ಲಿಯೇ ಕುಳಿತಿದೆ, ಅಥವಾ ನನಗೆ ಹಾಗೆ ಕಾಣುತ್ತಿದೆ, ಕಂಡದ್ದು ಬೇರೆ ಕೇಳಿದ್ದು ಬೇರೆ, ಎರಡನ್ನೂ ಬೆರೆಸಬಾರದು ಎಂದು ಇಷ್ಟು ವರ್ಷ ಊರೂರು ಅಲೆದು ಕಥೆ ಕೂಡಿಹಾಕುವಾಗ ನನಗೆ ನಾನೇ ವಿಧಿಸಿಕೊಂಡ ನಿಯಮ, ಇಂದು ಬೆರೆತಿದೆ, ಬೆರೆಯಲಿ — ಅಕ್ಕ ಉಸಿರಾಡುತ್ತಿದ್ದಾಳೆ. ಒಂದು ಉಸಿರು, ಆಮೇಲೆ ಒಂದು ತೆರಪು, ಆ ತೆರಪಿನಲ್ಲಿ ನಾನೂ ಉಸಿರು ಹಿಡಿಯುತ್ತೇನೆ, ಆಮೇಲೆ ಇನ್ನೊಂದು. ನಿನ್ನೆ ಡಾಕ್ಟರು ಅವಳ ಕೈ ಬಿಟ್ಟು ಎದ್ದು, ಯಾರ್ಯಾರು ಬರೋರದಾರ ಕರಿಸಿಬಿಡ್ರಿ, ಅಂದರು, ಬರಬೇಕಾದವನು ಒಬ್ಬನೇ, ಅವಳ ಮಗ ಕೊಟ್ರಪ್ಪ, ಗಂಗಾವತಿಯ ಅಕ್ಕಿ ಗಿರಣಿಯಲ್ಲಿರುವವನು, ತಂತಿ ಹೋಗಿದೆ, ಗಂಗಾವತಿ ಎಲ್ಲಿ ಈ ಹನುಮಸಾಗರ ಎಲ್ಲಿ, ಅಕ್ಕ ಕಣ್ಣು ಮುಚ್ಚಿಕೊಂಡೇ, ಕೊಟ್ರನ ಮಾರಿ ನೋಡೂತನಾ ನನ್ನ ಹಿಡಕೊಳ್ಳೋ ತಮ್ಮಾ, ಎಂದಳು, ಹಿಡಿದುಕೊಳ್ಳುವುದು ಹೇಗೆ, ಯಾವುದರಿಂದ, ನನ್ನ ಬಳಿ ಇರುವುದು ಕೇಳಿದ ಕಥೆಗಳು, ಮತ್ತು ಚೀಲದ ತಳದಲ್ಲಿ ಒಂದು ಮೊಂಡು ಉಳಿ.

ತಾವರಗೇರಾದ ಹುಚ್ಚೀರಪ್ಪ ಕೊಟ್ಟದ್ದು, ಸವೆದು ನುಣುಪಾದ ಬೀಸುಕಲ್ಲುಗಳ ಮೈಯನ್ನು ಮತ್ತೆ ಒರಟು ಮಾಡಿಕೊಡುತ್ತ ತಿರುಗುವವನು, ಎಪ್ಪತ್ತಾರನೇ ಇಸವಿಯ ಬೇಸಿಗೆ, ಬೇವಿನ ನೆರಳು, ಅವನ ಮನೆತನಕ್ಕಷ್ಟೇ ತಿಳಿದಿದ್ದ ಹೊತ್ತಿನ ಗುರುತುಗಳನ್ನು ವಿಚಾರಿಸಿಕೊಂಡು ಹೋಗಿದ್ದೆ, ಕಲ್ಲಿನ ಅಂಚಿಗೆ ಕೆತ್ತಿದರೆ ಹೊತ್ತು ಓಡುವ ಗುರುತು, ಹೊತ್ತು ನಿಲ್ಲುವ ಗುರುತು, ಅವನು ಮಣ್ಣಿನ ಮೇಲೆ ಒಂದು ಗೆರೆ ಎಳೆದು ಅದರ ಮುಂದೆ ಒಂದು ಚುಕ್ಕೆ ಇಟ್ಟ, ನಡುವೆ ಜೋಳದ ಕಾಳು ಕೂರುವಷ್ಟು ಜಾಗ, ಇದಕ್ಕೆ ಏನನ್ನುತ್ತೀರಿ ಎಂದೆ, ತಡಿ, ಅಂದ. ತಡೆದೆ. ಎಲೆ ಅಡಿಕೆ ಹಾಕಿಕೊಂಡ, ಅಗಿದ, ಬೇವಿನ ಬುಡಕ್ಕೆ ಉಗುಳಿದ, ಮತ್ತೆ ಕೇಳಿದೆ, ತಡಿ, ಅಂದ, ರೀ ಹಚ್ಚದೆ ಮಾತು ಮುಗಿಸದ ಸೀಮೆಯಲ್ಲಿ ಬರೀ ತಡಿ ಎಂದನಲ್ಲ ಎಂದು ಒಳಗೊಳಗೆ ಮುನಿಸಿಕೊಂಡು ಲೇಖನಿಯ ಮುಚ್ಚಳ ಹಾಕಿ ಕುಳಿತೆ, ಒಳಗೆ ರೊಟ್ಟಿ ಬಡಿಯುತ್ತಿದ್ದ ಅವನ ಹೆಂಡತಿ ಹುಲಗಮ್ಮ ಬಾಗಿಲಿಗೆ ಬಂದು, ಅಯ್ಯ ನನ ಶಿವನ, ಅವ ಹೆಸರು ಹೇಳ್ಯಾನ್ರೀ ಮಾಸ್ತರ, ಗುರುತಿನ ಹೆಸರೇ ತಡಿ ಐತಿ, ನೀವು ಸಂಜೀತನಾ ತಡಕೊಂತ ಕುಂದರತೀರೇನು, ಎಂದಳು, ಹುಚ್ಚೀರಪ್ಪ ಬಾಯ ತುಂಬ ಎಲೆಯಿಟ್ಟುಕೊಂಡೇ ನಕ್ಕ, ಸುಮ್ಮನಿರ ನೀ, ಗುರುತು ಛಲೋ ಹತ್ತೇತಿ, ಮಾಸ್ತರ ಹೊತ್ತು ನಿಂತೈತಿ ನೋಡಲ್ಲಿ. ಆ ನಗೆಗೆ ನಾನು ಋಣಿ, ಅದಿಲ್ಲದಿದ್ದರೆ ಮುಂದಿನ ಕಥೆ ನನಗೆ ಸಿಗುತ್ತಿರಲಿಲ್ಲ — ಅವನ ಮುತ್ತಜ್ಜ ಯಲಬುರ್ಗಾದ ಕಡೆ ಒಬ್ಬ ಹೆಣ್ಣುಮಗಳ ಬೀಸುಕಲ್ಲಿಗೆ ತಡಿ ಕೆತ್ತಿದ, ದೂರ ಹೋದ ಗಂಡ ಬರಲೆಂದು, ಕುಷ್ಟಗಿಯವರು ಇದೇ ಕಥೆ ಹೇಳುವಾಗ ಗಂಡನಲ್ಲ ಅಣ್ಣ, ಬಂದವನ ಮುಖ ಅವಳು ನೋಡಿದಳು, ಹೊತ್ತು ಮತ್ತೆ ಓಡಬೇಕಾದರೆ ಗೆರೆಯನ್ನೂ ಚುಕ್ಕೆಯನ್ನೂ ಕೂಡಿಸಬೇಕು, ಆದರೆ ಕೆತ್ತಿದವನು ಮಮತೆಗೋ ಮರೆವಿಗೋ ಕೂಡಿಸಲೇ ಇಲ್ಲ, ಆ ಮನೆಯಲ್ಲಿ ಹಾಲು ಹೆಪ್ಪಾಗಲಿಲ್ಲ, ದೀಪದ ಎಣ್ಣೆ ಇಳಿಯಲಿಲ್ಲ, ಅವಳ ನೋವೂ ಇಳಿಯಲಿಲ್ಲ, ಹಾದುಹೋಗುವವರನ್ನೆಲ್ಲ, ನನ್ನ ಹೊತ್ತು ನನಗ ಕೊಡ್ರೆಪ್ಪಾ, ಎಂದು ಬೇಡುತ್ತಿದ್ದಳಂತೆ. ಹಾಕಿದಾಂವನ ಕೈಲೇನ ಕೂಡಬೇಕ್ರಿ, ಬ್ಯಾರೇದವರ ಉಳಿ ಹತ್ತಂಗಿಲ್ಲ, ಕೂಡಸಾಕ ಧೈರ್ಯ ಇಲ್ಲದಾಂವ ಹಾಕಬಾರದು, ಎಂದು ಹುಚ್ಚೀರಪ್ಪ ಈ ಉಳಿಯನ್ನು ನನ್ನ ಅಂಗೈಯಲ್ಲಿಟ್ಟ, ನನಗ ಮಕ್ಕಳಿಲ್ಲ, ಕೇಳಾಕ ಬಂದವರು ನೀವೊಬ್ಬರ, ಇಟ್ಟುಕೋರಿ.

ಇಟ್ಟುಕೊಂಡೆ, ಕಥೆಯ ಜೊತೆಗಿನ ಒಂದು ವಸ್ತುವೆಂದು, ನಂಬಿಕೆಯಿಂದಲ್ಲ. ಇಂದು ಬೆಳಿಗ್ಗೆ ಅಕ್ಕನ ಉಸಿರಿನ ತೆರಪು ಉದ್ದವಾದಾಗ ಕೈ ತಾನಾಗಿ ಚೀಲಕ್ಕೆ ಹೋಯಿತು, ಇದೇ ಬೀಸುಕಲ್ಲು, ಅವ್ವ ಹೋದ ಮೇಲೆ ಅಕ್ಕ ಪಂಪಮ್ಮ ಊರವರ ಜೋಳ ಬೀಸಿ ನನ್ನನ್ನು ಸಾಕಿದ ಕಲ್ಲು, ಅವಳ ತೊಡೆಯ ಮೇಲೆ ತಲೆಯಿಟ್ಟು ಮಲಗಿದರೆ ಕಲ್ಲಿನ ಗುಡುಗು ಎಲುಬಿನೊಳಗೆ ಕೇಳುತ್ತಿತ್ತು, ಅದರ ಮೇಲೆ ಅವಳ ಹಾಡು, ನಾನು ಕೂಡಿಹಾಕಿದ ಹಾಡುಗಳಲ್ಲಿ ಮೊದಲಿನವೆಲ್ಲ ಅವಳವೇ, ಅಕ್ಕಾ ಹಸಿವು ಎಂದರೆ, ತಡಿ ತಮ್ಮಾ, ಈ ಹಿಡಿ ಮುಗೀಲಿ, ಅಕ್ಕಾ ಬರಿಯೋ ಪಾಟಿ ಒಡೀತು ಎಂದರೆ, ತಡಿ ತಮ್ಮಾ, ಈ ಸೇರು ಮುಗೀಲಿ, ಹಿಟ್ಟು ಮುಗಿದಾಗ ನನ್ನ ಕೆನ್ನೆಗೆ ಹಿಟ್ಟಿನ ಕೈ ತಾಗಿಸಿ, ಸಾಕೇಳೋ, ಹಿಟ್ಟಾತು. ತಾವರಗೇರಾದವರೆಗೆ ಹುಡುಕಿಕೊಂಡು ಹೋದ ಗುರುತಿನ ಒಳಗೇ ನಾನು ಬೆಳೆದಿದ್ದೆ, ಅವಳು ತನ್ನ ಹೊತ್ತನ್ನು ನಿಲ್ಲಿಸಿ ನನ್ನದನ್ನು ಓಡಿಸಿದ್ದಳು, ಅದಕ್ಕೆ ಪ್ರತಿಯಾಗಿ ಒಂದು ಗೆರೆ, ಒಂದು ಚುಕ್ಕೆ, ಕೆತ್ತಿದೆ, ಉಸಿರು ನಿಂತಿತು ಎನ್ನುವಲ್ಲಿ ಮತ್ತೆ ಬಂತು, ಬರುತ್ತಲೇ ಇದೆ, ಬಿಸಿಲು ಸರಿಯುತ್ತಿಲ್ಲ —

ಹೊರಗೆ ಚಪ್ಪಲಿಯ ಸದ್ದು, ಎವ್ವಾ, ಎಂದು ಕೊಟ್ರಪ್ಪನ ದನಿ, ಹಿಟ್ನಾಳದಾಗ ಬಸ್ಸು ಕೆಟ್ಟು ನಿಂತಿತ್ತ ಮಾಮಾ, ಲಾರಿ ಹಿಡದ ಬಂದೆ, ತಲೆಯ ಮೇಲೆ ಇನ್ನೂ ಗಿರಣಿಯ ತೌಡಿನ ಧೂಳು, ಅಕ್ಕ ಕಣ್ಣು ತೆರೆದಳು, ಎಟ್ಟ ಸೊರಗೀಯೋ ಬಾಡ್ಯಾ, ನಿನಗ ಅನ್ನ ಹಾಕೋರಿಲ್ಲೇನಲ್ಲಿ, ಎಂದು ಬೈದಳು, ಅವನ ಕೈಯಿಂದ ಎರಡು ಗುಟುಕು ನೀರು ಕುಡಿದಳು, ಅವನ ಮುಖವನ್ನು ಬೆರಳಿನಿಂದ ತಡವಿದಳು, ಸೊಂಟದ ನೋವಿಗೆ ತುಟಿ ಕಚ್ಚಿದಳು, ಆಮೇಲೆ ನನ್ನ ಕಡೆ ತಿರುಗಿ, ನಗುತ್ತಿದ್ದಾಳೆ, ಹೌದು, ನಗುತ್ತಲೇ, ಸಾಕೇಳೋ ತಮ್ಮಾ, ಹಿಟ್ಟಾತು. ಏಳುತ್ತೇನೆ ಅಕ್ಕಾ, ಎದ್ದಿದ್ದೇನೆ, ನೀನು ಎಬ್ಬಿಸಿದಾಗಲೆಲ್ಲ ಎದ್ದಿದ್ದೇನೆ, ಮಾಮಾ ಕಲ್ಲಿನ ಮುಂದ ಏನ ಮಾಡಾಕತ್ತೀ, ಎನ್ನುತ್ತಾನೆ ಕೊಟ್ರ, ಉಳಿ ಹಿಡಿದಿದ್ದೇನೆ, ಕೂಡಿಸಲು ಒಂದೇ ಏಟು ಸಾಕು, ಈ ಕೈ ಅವಳು ಬೀಸಿದ ಹಿಟ್ಟು, ಅವಳ ಒಂದು ಉಸಿರು, ಆಮೇಲೆ ತೆರಪು, ಗೆರೆ, ಚುಕ್ಕೆ, ನಡುವೆ ಉಳಿ ಮುಟ್ಟದ ಕಪ್ಪು ಕಲ್ಲು, ಒಂದು ಜೋಳದ ಕಾಳಿನಷ್ಟು, ಜೋಳದ ಕಾಳಿನಷ್ಟು —