ಕರೆಯದ ಮದುವೆಗೆ ಹೋದವನು

ನರೇಂದ್ರ ಚಿಂತಾಮಣಿಯಲ್ಲಿ ಮನೆಮನೆಗೂ ಹೋಗಿ ಕರೆಂಟ್ ಮೀಟರ್ ನೋಡಿ ಬಿಲ್ಲು ಕೊಡುವ ಕೆಲಸದಲ್ಲಿದ್ದ. ಊರಿನ ಗೇಟುಗಳೆಲ್ಲ ಅವನಿಗೆ ಗೊತ್ತಿದ್ದವು. ಅವನ ಹೆಸರು ಯಾರಿಗೂ ಗೊತ್ತಿರಲಿಲ್ಲ. "ಬಿಲ್ಲೋನು ಬಂದ" ಎನ್ನುತ್ತಿದ್ದರು, ಅಷ್ಟೇ. ಹೋದ ವರ್ಷ ತಾಯಿ ತೀರಿಕೊಂಡ ಮೇಲೆ ತನ್ನೂರು ಗೌರಿಬಿದನೂರಿಗೆ ಹೋಗುವುದೂ ನಿಂತಿತ್ತು. ರಜೆಯ ದಿನ ಅವನು ಯಾರೊಂದಿಗೂ ಮಾತಾಡದೆಯೇ ಮುಗಿದುಹೋಗುತ್ತಿತ್ತು.

ಅಂಥದೊಂದು ಭಾನುವಾರ ಅವನು ಕಲ್ಯಾಣ ಮಂಟಪದ ಮುಂದೆ ಹೋಗುತ್ತಿದ್ದಾಗ ಬಾಗಿಲಲ್ಲಿದ್ದ ಹೆಂಗಸೊಬ್ಬಳು ಅವನ ಮೇಲೂ ಪನ್ನೀರು ಚಿಮುಕಿಸಿ, "ಬನ್ನಿ, ಬನ್ನಿ" ಎಂದಳು. ಹಾಗೆ ಕರೆಸಿಕೊಂಡು ಎಷ್ಟು ಕಾಲವಾಗಿತ್ತೋ! ಕಾಲು ತಾನಾಗಿಯೇ ಒಳಗೆ ನಡೆಯಿತು.

ಊಟದ ಹಾಲ್‌ನಲ್ಲಿ ಬಡಿಸುವವರು ಸಾಲದೆ ಗಲಾಟೆ ಎದ್ದಿತ್ತು. "ನಿಂತು ನೋಡ್ತೀಯಲ್ಲಪ್ಪ, ಹಿಡ್ಕೊ" ಎಂದು ಯಾರೋ ಸಾರಿನ ಬಕೆಟ್ಟು ಕೊಟ್ಟರು. ನರೇಂದ್ರ ಎಲೆಯಿಂದ ಎಲೆಗೆ ಬಗ್ಗುತ್ತ, "ಇನ್ನೊಂಚೂರು ಹಾಕ್ಲಾ?" ಎಂದು ಎಲ್ಲರ ಮುಖವನ್ನೂ ನೋಡಿ ಕೇಳಿದ.

ಮದುಮಗಳ ಅಜ್ಜಿ ಓಬಳಮ್ಮ ಅವನನ್ನು ತಡೆದಳು. "ಯಾರ ಮಗನಪ್ಪಾ ನೀನು? ಗಂಡಿನ ಕಡೆಯೋನಾ?"

"ಯಾರ ಕಡೆಯೋನೂ ಅಲ್ಲಜ್ಜಿ. ಸುಮ್ನೆ ಬಂದೆ."

"ಊಟಕ್ಕಾ?"

"ಇಲ್ಲ... ನಾಲ್ಕು ಜನರ ಮಧ್ಯೆ ಇರಾಣ ಅಂತ." ಅವನು ಬಕೆಟ್ಟು ಕೆಳಗಿಟ್ಟ. ಅವಮಾನದಿಂದ ಕಿವಿ ಸುಡುತ್ತಿತ್ತು.

ಓಬಳಮ್ಮ ಅವನ ಮಣಿಕಟ್ಟು ಹಿಡಿದಳು. "ಸಾರು ಆರೋಗ್ತದೆ, ಮೊದ್ಲು ಬಡ್ಸು. ಆಮೇಲೆ ನನ್ ಪಕ್ಕ ಕೂತು ಉಣ್ಣು. ಯಾರಾದ್ರೂ ಕೇಳಿದ್ರೆ ಓಬಳಮ್ಮನ ಕಡೆಯೋನು ಅನ್ನು."

ಕೊನೆಯ ಪಂಕ್ತಿಯಲ್ಲಿ ಅವಳು ಅವನ ತಾಯಿಯ ಬಗ್ಗೆ ಕೇಳಿದಳು. ಹಾಗೆ ಕೇಳಿದವರು ಅವಳೇ ಮೊದಲು. ಹೇಳುತ್ತ ಹೇಳುತ್ತ ನರೇಂದ್ರ ಉಣ್ಣುವುದನ್ನೇ ಮರೆತ. ಓಬಳಮ್ಮ ಅವನ ಹೋಳಿಗೆಗೆ ತುಪ್ಪ ಹಾಕಿಸಿದಳು. ಹೊರಡುವಾಗ, "ಬರೋ ವಾರ ನಮ್ ಜಂಗಮಕೋಟೆ ಮನೇಲಿ ರೇಷ್ಮೆಗೂಡು ಬಿಡಿಸ್ಬೇಕು. ಬಾ" ಎಂದಳು.

ಬಾಯಿಮಾತಿಗೆ ಕರೆದಿರಬಹುದು ಎಂದು ಅವನು ಬಸ್‌ಸ್ಟ್ಯಾಂಡಿನಿಂದ ಒಮ್ಮೆ ವಾಪಸು ಹೊರಟೂ ಬಿಟ್ಟಿದ್ದ. ಆದರೂ ಹೋದ.

ಅಂಗಳದ ತುಂಬ ಜನ ಕೂತು ಬಿದಿರಿನ ತಟ್ಟಿಗಳಿಂದ ಗೂಡು ಕೀಳುತ್ತಿದ್ದರು. ನರೇಂದ್ರ ಕಿತ್ತ ಗೂಡುಗಳನ್ನು ಕಂಡು ಓಬಳಮ್ಮನ ಸೊಸೆ ಶ್ಯಾಮಲಮ್ಮ, "ಅಯ್ಯೋ, ಮೆಲ್ಲಗೆ ಕಣಪ್ಪ! ಹಿಸುಕಿದ್ರೆ ರೇಟು ಬರ್ತದಾ?" ಎಂದು ಗದರಿದಳು. ಎಲ್ಲರೂ ನಕ್ಕರು, ಅವನೂ ನಕ್ಕ. ಸಂಜೆ ಅವನು ಹೊರಡಲು ಎದ್ದರೆ ಶ್ಯಾಮಲಮ್ಮನೇ, "ಮುದ್ದೆ ತಿರುವ್ತಾ ಇದೀನಿ, ಕೂತ್ಕೊ" ಎಂದಳು.

ಈಗ ಕೆಲಸವಿಲ್ಲದಿದ್ದರೂ ಅವನು ಜಂಗಮಕೋಟೆಗೆ ಹೋಗುತ್ತಾನೆ. ಒಂದು ವಾರ ತಪ್ಪಿಸಿದರೆ ಓಬಳಮ್ಮ ಮಗನ ಫೋನಿನಿಂದ ಕನ್ನಡ, ತೆಲುಗು ಎರಡರಲ್ಲೂ ಬೈಯುತ್ತಾಳೆ. ನರೇಂದ್ರ ನಡುವೆ ಬಾಯಿ ಹಾಕದೆ ಪೂರ್ತಿ ಕೇಳಿಸಿಕೊಳ್ಳುತ್ತಾನೆ.