ನಾಲ್ಕು ವರ್ಷಗಳ ಜಾಗ

"ಸಹಿ ಇಲ್ಲೇ ಹಾಕ್ರಿ ವೈನಿ, ಗೆರಿ ಮ್ಯಾಗ. ಊರಿನ ಹೆಸರು, ತಾರೀಖು ಬಿಟ್ರ ನಡಿಯಲ್ಲ," ಎಂದು ಚನ್ನು ಪೆನ್ನು ಚಾಚಿದ.

ಲುಂಬಿನಿ ಸಹಿ ಹಾಕಿದಳು. ಕೆಳಗೆ ವಾಡಿ ಎಂದು ಬರೆದು ತಾರೀಖು ಹಾಕಿದಳು. ಚನ್ನು ಹಾಳೆಯನ್ನು ಬೆಳಕಿಗೆ ಹಿಡಿದು ಒಮ್ಮೆ ನೋಡಿ, ಸ್ಕ್ಯಾನರಿನ ಗಾಜಿನ ಮೇಲೆ ಮಕಾಡೆ ಮಲಗಿಸಿದ. ರೈಲು ನಿಲ್ದಾಣದ ಎದುರಿಗಿದ್ದ ಅವನ ಆನ್‌ಲೈನ್ ಸೆಂಟರಿನಲ್ಲಿ ಪಹಣಿ, ಪಾನ್ ಕಾರ್ಡು, ಜಾತಿ ಪ್ರಮಾಣಪತ್ರ, ಬಯೋಡಾಟಾ ಎಲ್ಲಕ್ಕೂ ಒಂದೇ ಕ್ರಮ. ಮೊದಲು ಟೈಪು, ಆಮೇಲೆ ಪ್ರಿಂಟು, ಪ್ರಿಂಟಿನ ಮೇಲೆ ಸಹಿ, ಸಹಿಯಾದದ್ದನ್ನು ಸ್ಕ್ಯಾನ್ ಮಾಡಿ ಕಳಿಸುವುದು. ಸಹಿಯಿಲ್ಲದ ಕಾಗದ ಕಾಗದವೇ ಅಲ್ಲ ಎಂಬುದು ವಾಡಿಯಿಂದ ಚಿತ್ತಾಪುರದ ತಹಸೀಲ್ ಕಚೇರಿಯ ತನಕ ಎಲ್ಲರೂ ಒಪ್ಪಿಕೊಂಡ ವಿಷಯ. ಹೋದ ಸಲವಂತೂ ಚನ್ನು ಹಸಿರು ಶಾಯಿಯ ಅಟೆಸ್ಟ್ ಕೂಡ ಮಾಡಿಸಿಕೊಂಡು ಬಾ ಎಂದಿದ್ದ. ಕಾಲೇಜಿನ ಪ್ರಿನ್ಸಿಪಾಲರು ಅವಳ ಮುಖ ನೋಡದೆ ಮುದ್ರೆ ಒತ್ತಿ ಕೊಟ್ಟಿದ್ದರು.

"ಬಣ್ಣದ ಅಂಚು ಬದಲಿ ಮಾಡೀನಿ ನೋಡ್ರಿ. ಮೊದಲಿಂದು ಲಗ್ನಪತ್ರಿಕಿ ಆದಂಗ ಆಗಿತ್ತು. ಕೆಮಿಸ್ಟ್ರಿಗಿ ಐದಕ್ಕೈದು ಚುಕ್ಕಿ ಕೊಟ್ಟೀನಿ. ಇಂಗ್ಲಿಷಿಗಿ ನಾಲ್ಕು."

"ಒಂದು ಯಾಕ ಕಡಿಮಿ ಮಾಡ್ದಿ?"

"ಪೂರಾ ಕೊಟ್ರ ನಂಬಲ್ರಿ ವೈನಿ."

ಚನ್ನು ಅವಳ ಗಂಡ ಅಜಯಕುಮಾರನ ಗೆಳೆಯ. ಅಂಗಡಿ ತುಂಬ ಗಿರಾಕಿಗಳಿದ್ದರೂ ಅವಳಿಗೊಂದು ಕುರ್ಚಿ ಖಾಲಿ ಮಾಡಿಸುತ್ತಿದ್ದ. ಅಜಯನ ಹೆಸರನ್ನು ಮಾತ್ರ ಎತ್ತುತ್ತಿರಲಿಲ್ಲ. ಗಂಡನ ಹೆಸರು ಎಂಬ ಸಾಲು ಬಂದಾಗ ಕೇಳದೆ ತಾನೇ ಟೈಪು ಮಾಡಿ ಮುಂದಿನ ಸಾಲಿಗೆ ಇಳಿದುಬಿಡುತ್ತಿದ್ದ.

ಸೇಡಂ ಕಡೆ ಹೊಸದಾಗಿ ಶುರುವಾಗುತ್ತಿದ್ದ ಸಿಮೆಂಟ್ ಕಾರ್ಖಾನೆಯ ಪ್ರಯೋಗಶಾಲೆಗೆ ಕೆಮಿಸ್ಟ್‌ಗಳು ಬೇಕಾಗಿದ್ದರು. ಅರ್ಜಿಯನ್ನು ಕಂಪನಿಯ ವೆಬ್‌ಸೈಟಿನಲ್ಲಿ ಹಾಕಬೇಕಿತ್ತು. ಚನ್ನು ಹಾಕಿದ. ಅವಳು ಹಳಿ ದಾಟಿ ಮನೆ ಮುಟ್ಟುವುದರೊಳಗೆ ಮೊಬೈಲಿಗೆ ಉತ್ತರ ಬಂತು. ನಿಮ್ಮ ಆಸಕ್ತಿಗೆ ಧನ್ಯವಾದಗಳು, ಈ ಸಲ ನಿಮ್ಮನ್ನು ಪರಿಗಣಿಸಲು ಆಗುತ್ತಿಲ್ಲ ಎಂದಿತ್ತು.

ಅತ್ತೆ ರಮಾಬಾಯಿ ಹೊಸ್ತಿಲಲ್ಲಿ ಕೂತು ತೊಗರಿ ಹಸನು ಮಾಡುತ್ತಿದ್ದರು. ಸೊಸೆಯ ಮುಖ ನೋಡಿ, "ಬಂತೇನು?" ಎಂದರು.

"ಬಂತು. ಆಗಲ್ಲ ಅಂದಾರ."

"ಇಷ್ಟು ಜಲ್ದಿ? ಓದಿದ್ರೋ ಇಲ್ಲೋ?"

"ಓದಿರಬೇಕು."

"ಒಂದು ಮರ ತೊಗರಿ ಹಸನ ಮಾಡಾಕ ನಾ ಇದಕ್ಕಿಂತ ಹೊತ್ತು ಹಿಡೀತೀನಿ," ಎಂದು ರಮಾಬಾಯಿ ಕೈಯಲ್ಲಿದ್ದ ಮೊರವನ್ನು ಒಮ್ಮೆ ಕೊಡವಿದರು.

ಇಂಥ ಉತ್ತರಗಳು ವರ್ಷದಿಂದ ಬರುತ್ತಿದ್ದವು. ಲುಂಬಿನಿ ಅವನ್ನು ಅಳಿಸುತ್ತಲೂ ಇರಲಿಲ್ಲ, ಇನ್ನೊಮ್ಮೆ ಓದುತ್ತಲೂ ಇರಲಿಲ್ಲ. ಈ ಸಲ ಮಾತ್ರ ಹೆಚ್ಚು ದಿನ ಉಳಿದಿರಲಿಲ್ಲ. ಬರುವ ಭಾನುವಾರ ಅವಳ ಅಣ್ಣ ದೇವಿಂದ್ರ ಅವಳನ್ನು ತವರಿಗೆ ಕರೆದೊಯ್ಯಲು ಚಿಂಚೋಳಿಯಿಂದ ಗಾಡಿ ತರುವವನಿದ್ದ. ಚಿಂಚೋಳಿಗೆ ಹೊಂದಿಕೊಂಡ ಚಂದಾಪುರದಲ್ಲಿ ಅವನದೊಂದು ಬಟ್ಟೆ ಅಂಗಡಿ. ಗಲ್ಲಾಪೆಟ್ಟಿಗೆಯ ಹಿಂದೆ ಕೂತರೆ ಸಾಕು, ಉಳಿದದ್ದು ನನಗಿರಲಿ ಎಂದಿದ್ದ. ಒಳ್ಳೆಯ ಮನುಷ್ಯ. "ಅಲ್ಲಿ ಯಾರದಾರ ಅಂತ ಇರ್ತಿ?" ಎಂದು ಅವನು ಫೋನಿನಲ್ಲಿ ಕೇಳಿದಾಗ ರಮಾಬಾಯಿ ಅವಳ ಎದುರಿಗೇ ಕೂತಿದ್ದರು. ಆ ಮನೆಯಲ್ಲಿ ಈಗ ಅವರಿಬ್ಬರೇ. ಇರು ಎಂದು ಅತ್ತೆ ಹೇಳಲಿಲ್ಲ. ಹಾಗೆ ಹೇಳುವ ಅಧಿಕಾರ ಮಗನ ಜೊತೆಗೇ ಹೋಯಿತು ಎಂದು ಅವರು ತಿಳಿದಿದ್ದರು. ಇರುತ್ತೇನೆ ಎಂದು ಲುಂಬಿನಿಯೂ ಹೇಳಲಿಲ್ಲ. ಇರುವುದಕ್ಕೆ ನಾಲ್ಕು ಜನ ಒಪ್ಪುವ ಕಾರಣ ಬೇಕಿತ್ತು. ಕೆಲಸವಾದರೆ ಅಂಥದೊಂದು ಕಾರಣ. ಇಬ್ಬರೂ ಸೇರಿ ಅಟ್ಟದ ಮೇಲಿನ ಟ್ರಂಕನ್ನು ಇಳಿಸಿ ಒರೆಸಿ ಇಟ್ಟಿದ್ದರು.

ಆ ಮಧ್ಯಾಹ್ನ ಅವಳು ನಾಹಿದಳಿಗೆ ಫೋನು ಮಾಡಿದಳು. ಶಹಾಬಾದಿನ ನಾಹಿದ ಎಂ.ಎಸ್ಸಿ.ಯಲ್ಲಿ ಜೊತೆಗಿದ್ದವಳು. ಈಗ ಹೈದರಾಬಾದಿನಲ್ಲಿ ಕಾರ್ಖಾನೆಗಳಿಗೆ ಜನ ಹುಡುಕಿಕೊಡುವ ಏಜೆನ್ಸಿಯೊಂದರಲ್ಲಿದ್ದಳು. ಕ್ಷೇಮಸಮಾಚಾರ ಎರಡು ಮಾತಿನಲ್ಲಿ ಮುಗಿಯಿತು. ಫೈಲು ಕಳಿಸು ಎಂದಳು. ಕಳಿಸಿದ ಸ್ವಲ್ಪ ಹೊತ್ತಿಗೆ ಅವಳೇ ಫೋನು ಮಾಡಿದಳು.

"ಏ ಲುಂಬಿ, ಇದರಾಗ ಏನೂ ಇಲ್ಲಲ್ಲ."

"ಎಲ್ಲಾ ಅದ. ಎಂ.ಎಸ್ಸಿ. ಅದ, ಶಹಾಬಾದ ಲ್ಯಾಬಿಂದು ಎರಡು ವರ್ಷ ಅದ."

"ನನ್ನ ಕಣ್ಣಿಗಿ ಅದ. ಮಿಷನ್ನಿಗಿ ಇಲ್ಲ. ತಡಿ, ಅದಕ್ಕೇನ್ ಕಂಡದ ಕಳಿಸ್ತೀನಿ."

ಒಂದು ಚಿತ್ರ ಬಂತು. ಎಡಗಡೆ ಒಂದರ ಕೆಳಗೊಂದು ಪದಗಳು: ಹೆಸರು, ವಿದ್ಯಾಭ್ಯಾಸ, ಅನುಭವ, ಕೌಶಲ. ಬಲಗಡೆ ಪ್ರತಿಯೊಂದರ ಮುಂದೆಯೂ ಒಂದು ಸಣ್ಣ ಅಡ್ಡಗೆರೆ.

"ಸ್ಕ್ಯಾನ್ ಮಾಡಿದ್ದು ಫೋಟೋ ಆಗ್ತದ," ಎಂದಳು ನಾಹಿದ. "ಅದರಾಗ ಅಕ್ಷರ ಇರಲ್ಲ, ಅಕ್ಷರದ ಚಿತ್ರ ಇರ್ತದ. ನಮ್ಮ ಕಡಿ ಮಂದೀದೆಲ್ಲ ಹಿಂಗೇ ಬರ್ತದ ನೋಡು, ಸಹಿ, ಠಸ್ಸೆ, ಹಸಿರು ಶಾಯಿ. ಅರ್ಜಿ ಸಾವಿರಗಟ್ಲೆ ಬರ್ತಾವ. ಮನುಷ್ಯಾರು ನೋಡೂಕಿಂತ ಮೊದಲು ಮಿಷನ್ ಸೋಸ್ತದ. ನೀ ಬಂದಿದ್ದೇ ಅದಕ್ಕ ಗೊತ್ತಾಗಿಲ್ಲ."

"ಒಂದು ವರ್ಷದಿಂದ ಹಿಂಗೇ ಕಳಿಸೀನಿ."

"ಅಂದ್ರ ಒಂದು ವರ್ಷದಿಂದ ಖಾಲಿ ಹಾಳಿ ಕಳಿಸಿದಿ."

ಫೋನು ಇಟ್ಟ ಮೇಲೆ ಲುಂಬಿನಿ ಆ ಚಿತ್ರವನ್ನು ಬೆರಳಿನಿಂದ ದೊಡ್ಡದು ಮಾಡಿ ನೋಡಿದಳು. ಮತ್ತೆ ಚಿಕ್ಕದು ಮಾಡಿ ನೋಡಿದಳು. ತನ್ನ ಈಗಿನ ಬದುಕಿನ ಲೆಕ್ಕವಾಗಿ ಅದರಲ್ಲಿ ಅವಳಿಗೆ ತಪ್ಪೇನೂ ಕಾಣಲಿಲ್ಲ.

ಮರುದಿನ ಬೆಳಿಗ್ಗೆ ಚನ್ನುವಿನ ಅಂಗಡಿಯಲ್ಲಿ ಮೊಬೈಲನ್ನು ಸ್ಪೀಕರಿಗೆ ಹಾಕಿ ಕೀಬೋರ್ಡಿನ ಪಕ್ಕಕ್ಕೆ ಇಟ್ಟಳು. ನಾಹಿದ ಹೈದರಾಬಾದಿನಿಂದ ಹೇಳುತ್ತ ಹೋದಳು, ಚನ್ನು ತೆಗೆಯುತ್ತ ಹೋದ. ಅಂಚು ಹೋಯಿತು. ಫೋಟೋ ಹೋಯಿತು. ಎರಡು ಕಾಲಂ ಒಂದಾಯಿತು.

"ಚುಕ್ಕಿ ಸುದ್ದಾ ತೆಗೀಲೇನ್ರಿ?"

"ಚುಕ್ಕಿ ಮೊದಲು ತಗೀ ಭೈಯಾ. ಐದು ಚುಕ್ಕಿ ಹೋಟೆಲಿಗಿ ಕೊಡ್ತಾರ."

ಗಿರಾಕಿಗಳು ನಕ್ಕರು. ಚನ್ನು ನಗಲಿಲ್ಲ. "ಮತ್ತ ಸಹಿ ಬ್ಯಾಡಂದ್ರ, ನಾಳಿ ಇದು ವೈನಿದೇ ಅಂತ ಯಾರು ಹೇಳಬೇಕ್ರಿ?"

"ಕೆಲಸ ಕೊಟ್ಟ ಮ್ಯಾಲ ಬೇಕಾದಷ್ಟು ಸಹಿ ತಗೋತಾರ. ಈಗ ಓದಾಕ ಬಂದ್ರ ಸಾಕು. ಜಾತಿ, ಧರ್ಮ, ತಂದಿ ಹೆಸರು, ಲಗ್ನ ಆಗ್ಯದೋ ಇಲ್ಲೋ, ಅವ್ಯಾವೂ ಬ್ಯಾಡ. ತಗೀ."

ಲಗ್ನದ ಸಾಲಿನ ಮುಂದೆ ಚನ್ನು ಸ್ವಲ್ಪ ತಡೆದ. ಲುಂಬಿನಿ ಪರದೆಯನ್ನೇ ನೋಡುತ್ತಿದ್ದಳು. ಅವನು ಒಂದು ಗುಂಡಿ ಒತ್ತಿದ. ಸಾಲು ಹೋದ ಜಾಗಕ್ಕೆ ಕೆಳಗಿನ ಸಾಲು ಏರಿ ಬಂತು.

ಆಮೇಲೆ ಅನುಭವ. ಮದುವೆಗೆ ಮುಂಚೆ ಅವಳು ಶಹಾಬಾದಿನ ಸುಣ್ಣದ ಭಟ್ಟಿಯೊಂದರ ಲ್ಯಾಬಿನಲ್ಲಿದ್ದಳು. ಹಾಜರಿಯಲ್ಲಿ ಹೆಲ್ಪರ್ ಎಂದು ಬರೆಯುತ್ತಿದ್ದರು. ಗಣಿಯಿಂದ ಬಂದ ಕಲ್ಲನ್ನು ಪುಡಿ ಮಾಡಿ, ಕರಗಿಸಿ, ಸುಣ್ಣದ ಅಂಶ ಎಷ್ಟೆಂದು ಲೆಕ್ಕ ತೆಗೆದು ಕೊಡುತ್ತಿದ್ದವಳು ಅವಳೇ. ಬಯೋಡಾಟಾದಲ್ಲಿ ಚನ್ನು ಅದನ್ನು ಕಲ್ಲು ಪರೀಕ್ಷೆ ಎಂದು ಒಂದೇ ಮಾತಿನಲ್ಲಿ ಮುಗಿಸಿದ್ದ.

"ಜಾಹೀರಾತು ತೆಗದು ಮುಂದ ಇಟ್ಕೊ," ಎಂದಳು ನಾಹಿದ. "ಅದರಾಗ ಲೈಮ್‌ಸ್ಟೋನ್ ಅನಾಲಿಸಿಸ್ ಅಂತದ ಅಲ್ಲ? ಹಂಗೇ ಹಾಕು. ಟೈಟ್ರೇಶನ್ ಅಂತದ? ಮಾಡಿದಿ ಅಲ್ಲ, ಹಾಕು. ಮಿಷನ್ನಿಗಿ ಅವರು ಕಲಿಸಿದ ಶಬ್ದ ಅಷ್ಟೇ ಗೊತ್ತು. ಮಾಡಿದ್ದು ನಿಂದೇ ಇರಲಿ, ಮಾತು ಅವರದಿರಲಿ."

ಅರ್ಧ ಪುಟ ತುಂಬಿತು. ಅದರ ಕೆಳಗೆ ನಾಲ್ಕು ವರ್ಷಗಳಷ್ಟು ಜಾಗ ಉಳಿಯಿತು. ನಾಲವಾರದಲ್ಲಿ ನಂಟರ ಲಗ್ನ ಮುಗಿಸಿ ಬರುತ್ತಿದ್ದಾಗ, ದೀಪವಿಲ್ಲದೆ ರಸ್ತೆಯಲ್ಲಿ ನಿಂತಿದ್ದ ಟ್ರ್ಯಾಕ್ಟರಿಗೆ ಅಜಯಕುಮಾರನ ಬೈಕು ಬಡಿದದ್ದು ಆ ನಾಲ್ಕು ವರ್ಷಗಳ ಆರಂಭದಲ್ಲಿ, ಮದುವೆಯಾದ ಕೆಲವೇ ತಿಂಗಳಿಗೆ. ಚನ್ನು ನೀರು ಕುಡಿಯುವ ನೆಪದಲ್ಲಿ ಎದ್ದು ಹೋದ. ಲುಂಬಿನಿ ಸ್ಪೀಕರು ಆರಿಸಿ ಮೊಬೈಲನ್ನು ಕಿವಿಗೆ ಹಿಡಿದಳು.

"ಈ ಜಾಗದಾಗ ನಮ್ಮ ಏಜೆನ್ಸಿ ಹೆಸರು ಹಾಕಿಬಿಡು," ಎಂದಳು ನಾಹಿದ. "ಇಲ್ಲೇ ಇದ್ದಿ ಅಂತ. ಕೇಳಾಕ ಫೋನ್ ಮಾಡಿದ್ರ ಎತ್ತಾಕಿ ನಾನೇ."

"ಬ್ಯಾಡ."

"ಯಾಕ?"

"ಹೈದರಾಬಾದ ನಾ ನೋಡಿಲ್ಲ."

ನಾಹಿದ ಒತ್ತಾಯಿಸಲಿಲ್ಲ. "ಆಯ್ತು. ಕರಿಯರ್ ಬ್ರೇಕ್ ಅಂತ ಎರಡು ಶಬ್ದ ಹಾಕು. ಯಾಕ ಅಂತ ಮಿಷನ್ ಕೇಳಲ್ಲ. ಮಂದಿ ಕೇಳ್ತಾರ. ಕೇಳಿದ್ರ, ಅತ್ತಿಗಿ ಆರಾಮ ಇದ್ದಿಲ್ಲ, ನೋಡ್ಕೊಂಡಿದ್ದೆ, ಈಗ ಆರಾಮ ಆಗ್ಯಾರ ಅನ್ನು. ಅಜಯಂದು ಹೇಳಬ್ಯಾಡ, ಲುಂಬಿ. ಒಬ್ಬಾಕೇ ಇದ್ದಾಳ ಅಂದ್ರ ಶಿಫ್ಟಿಗಿ ಬರ್ತಾಳೋ ಇಲ್ಲೋ, ನಾಳಿ ಮತ್ತ ಲಗ್ನ ಮಾಡ್ಕೊಂಡು ಹೋಗ್ತಾಳೋ ಏನೋ ಅಂತ ಲೆಕ್ಕ ಹಾಕ್ತಾರ. ನಾನೂ ಹಾಕ್ತೀನಿ, ದಿನಾ."

ಲುಂಬಿನಿ ಎರಡು ಶಬ್ದ ಟೈಪು ಮಾಡಿದಳು. ಚನ್ನು ಬಂದು, ಸಹಿಯಿಲ್ಲದ ಆ ಫೈಲನ್ನು ಪ್ರಿಂಟು ತೆಗೆಯದೆ, ಮನಸ್ಸಿಲ್ಲದ ಮನಸ್ಸಿನಿಂದ ಮತ್ತೆ ಅದೇ ಕಾರ್ಖಾನೆಗೆ ಕಳಿಸಿದ. ಅವಳು ಮನೆ ಮುಟ್ಟಿದಾಗ ಯಾವ ಉತ್ತರವೂ ಬಂದಿರಲಿಲ್ಲ. ಸಂಜೆಗೂ ಬರಲಿಲ್ಲ.

ಊಟಕ್ಕೆ ಕೂತಾಗ ಅವಳು ಅತ್ತೆಗೆ ಹೇಳಿದಳು. "ನಿಮಗ ಆರಾಮ ಇದ್ದಿಲ್ಲ ಅಂತ ಹೇಳಬೇಕಂತ. ನಿಮಗ ನಡೀತದೇನು?"

"ನಡೀಲಾರದೇನು? ನಂದೇನ್ ಹೋಗ್ತದ," ಎಂದರು ರಮಾಬಾಯಿ. "ಯಾ ಜಡ್ಡು ಅಂತ ಹೇಳ್ತಿ?"

"ಇನ್ನಾ ವಿಚಾರ ಮಾಡಿಲ್ಲ."

"ಸಕ್ಕರಿ ಬ್ಯಾನಿ ಹೇಳಬ್ಯಾಡ, ಅದು ಎಲ್ಲರಿಗೂ ಅದ. ಜರಾ ದೊಡ್ಡದೇ ಹೇಳು. ಬೇಕಾದ್ರ ಫೋನ್ ಬಂದಾಗ ನಾ ಹಿಂದ ಕುಂತು ಕೆಮ್ತೀನಿ."

ಲುಂಬಿನಿ ನಕ್ಕಳು. ನಕ್ಕದ್ದು ಗೊತ್ತಾಗಿ ಇಬ್ಬರೂ ತಾಟಿನ ಕಡೆ ನೋಡಿದರು.

ಶುಕ್ರವಾರ ಬಿಸಿಲು ಏರಿದ ಮೇಲೆ ಫೋನು ಬಂತು. ಗೊತ್ತಿಲ್ಲದ ನಂಬರು. ಅತ್ತೆ ಅಂಗಳದಲ್ಲಿ ತಂತಿಯ ಮೇಲಿನ ಬಟ್ಟೆ ತೆಗೆಯುತ್ತಿದ್ದರು. ಲುಂಬಿನಿ ಬಾಗಿಲಲ್ಲಿ ನಿಂತು ಮಾತಾಡಿದಳು. ಆ ಕಡೆಯವನು ಕಾರ್ಖಾನೆಯ ನೇಮಕಾತಿ ವಿಭಾಗದವನು, ಬೆಂಗಳೂರಿನ ಕನ್ನಡ, ವಯಸ್ಸು ಚಿಕ್ಕದಿರಬೇಕು. ಟೈಟ್ರೇಶನ್ ಬಗ್ಗೆ ಕೇಳಿದ, ಸುಣ್ಣದ ಭಟ್ಟಿಯ ಬಗ್ಗೆ ಕೇಳಿದ. ಉತ್ತರಗಳು ತೊಡಕಿಲ್ಲದೆ ಬಂದವು.

"ಮೇಡಂ, ಇಲ್ಲಿ ನಾಲ್ಕು ವರ್ಷ ಬ್ರೇಕ್ ಅಂತಿದೆ. ಕಾರಣ ಏನು ಅಂತ ಹೇಳ್ತೀರಾ?"

"ನಮ್ಮ ಅತ್ತೆಯವರಿಗೆ..." ಎಂದಳು ಲುಂಬಿನಿ.

ರಮಾಬಾಯಿಯ ಕೈ ತಂತಿಯ ಮೇಲೆ ನಿಂತಿತು. ತಲೆ ಈ ಕಡೆ ತಿರುಗಲಿಲ್ಲ.

"ಹಲೋ, ಮೇಡಂ?"

"ನನ್ನ ಗಂಡ ತೀರಿಕೊಂಡರು," ಎಂದಳು ಲುಂಬಿನಿ.

ಈ ಮಾತನ್ನು ಅವಳು ಇದುವರೆಗೆ ಯಾರಿಗೂ ಹೇಳಿರಲಿಲ್ಲ. ಹೇಳುವ ಪ್ರಸಂಗ ಬಂದಿರಲಿಲ್ಲ. ವಾಡಿಯಲ್ಲಿ ಎಲ್ಲರಿಗೂ ಅವಳಿಗಿಂತ ಮೊದಲೇ ಗೊತ್ತಾಗಿತ್ತು. ಚಿಂಚೋಳಿಗೆ ಯಾರೋ ತಿಳಿಸಿದ್ದರು. ನಾಹಿದ ಸುದ್ದಿ ಕೇಳಿಯೇ ಬಂದು ಹೋಗಿದ್ದಳು. ಮನೆಯಲ್ಲಿ "ಆವಾಗಿಂದ", "ಆ ಮ್ಯಾಲ" ಎಂದಷ್ಟೇ ಆ ಮಾತು ನಡೆಯುತ್ತಿತ್ತು. ಗೊತ್ತಿಲ್ಲದೆ ಕೇಳಿದವನು ಇವನೊಬ್ಬನೇ.

"ಓ. ಸಾರಿ, ಮೇಡಂ." ಆ ಕಡೆ ಕೀಬೋರ್ಡಿನ ಸದ್ದು ನಿಂತಿತು. "ಆಮೇಲೆ... ಕೋರ್ಸು, ಟ್ರೈನಿಂಗು ಏನಾದರೂ ಮಾಡಿದ್ರಾ?"

"ಇಲ್ಲ. ಮನೆಯಲ್ಲಿದ್ದೆ. ಏನೂ ಮಾಡಲಿಲ್ಲ."

ಕೀಬೋರ್ಡಿನ ಸದ್ದು ಮತ್ತೆ ಶುರುವಾಯಿತು. "ಪರ್ಸನಲ್ ಅಂತ ಹಾಕ್ಕೋತೀನಿ. ಮೂರೂ ಶಿಫ್ಟಿಗೆ ಬರಬೇಕಾಗುತ್ತೆ, ಸೆಕೆಂಡ್ ಶಿಫ್ಟಿಂದ ಕಂಪನಿ ಬಸ್ಸಿರುತ್ತೆ. ಬರ್ತೀರಾ?"

"ಬರ್ತೀನಿ."

"ಈಗ ಇರೋದು ಎಲ್ಲಿ? ಮುಂದೆ ಬೇರೆ ಕಡೆ ಹೋಗೋ ಯೋಚನೆ ಏನಾದರೂ ಇದೆಯಾ? ಸೇರಿ ಆರು ತಿಂಗಳಿಗೆ ಬಿಟ್ಟರೆ ನಮಗೆ ಕಷ್ಟ, ಅದಕ್ಕೆ ಕೇಳ್ತಿದೀನಿ."

"ವಾಡಿಯಲ್ಲಿ. ಅತ್ತೆ ಜೊತೆ ಇದ್ದೀನಿ," ಎಂದಳು. "ಎಲ್ಲಿಗೂ ಹೋಗಲ್ಲ. ಇಲ್ಲೇ ಇರ್ತೀನಿ."

ಸೋಮವಾರ ಹತ್ತು ಗಂಟೆಗೆ ಸೇಡಂ ಹತ್ತಿರದ ಪ್ಲಾಂಟಿನಲ್ಲಿ ಇಂಟರ್‌ವ್ಯೂ, ಮೂಲ ಅಂಕಪಟ್ಟಿ ತರಬೇಕು, ಇನ್ನೂ ಕೆಲವರನ್ನು ಕರೆದಿದ್ದೇವೆ ಎಂದು ಹೇಳಿ ಅವನು ಫೋನು ಇಟ್ಟ.

ಅವಳು ನಿಂತಲ್ಲೇ ಅಣ್ಣನಿಗೆ ಫೋನು ಹಚ್ಚಿದಳು.

"ಅಣ್ಣ, ಐತವಾರ ಗಾಡಿ ತರಬ್ಯಾಡ. ಖಾಲಿ ಬಾ. ಊಟಕ್ಕ ಬಾ."

"ಯಾಕ, ಕೆಲಸ ಸಿಕ್ತೇನು?"

"ಇಲ್ಲ. ಸೋಮವಾರ ಮಾತಾಡ್ಸಾಕ ಕರದಾರ."

"ಮತ್ತ ಸಿಗಲಿಲ್ಲಂದ್ರ?"

"ಸಿಗಲಿಲ್ಲಂದ್ರ ಮತ್ತೊಂದು ಕಡಿ ಕಳಿಸ್ತೀನಿ. ನೀ ಊಟಕ್ಕ ಬಾ."

ದೇವಿಂದ್ರ ಇನ್ನೇನೋ ಹೇಳುತ್ತಿದ್ದ. ಆಗ ಗೂಡ್ಸ್ ಗಾಡಿ ಹಾಯಲು ಶುರುವಾಗಿ ಏನೂ ಕೇಳಿಸಲಿಲ್ಲ. ಹ್ಞೂ, ಹ್ಞೂ ಎಂದು ಅವಳು ಫೋನು ಇಟ್ಟಳು.

ಗಾಡಿ ಉದ್ದವಿತ್ತು. ಅದು ದಾಟಲು ಹೊತ್ತು ಹಿಡಿಯಿತು. ಆಮೇಲೆ ರಮಾಬಾಯಿ ಬೆನ್ನು ತಿರುಗಿಸಿಕೊಂಡೇ ಕೇಳಿದರು, "ಸೇಡಂ ಗಾಡಿ ಮುಂಜಾನಿ ಎಷ್ಟಕ್ಕ ಅದ?"

"ಕೇಳಬೇಕು."

"ಕೇಳು. ರೊಟ್ಟಿ ಕಟ್ಟಬೇಕಲ್ಲ."

ಅವರು ಉಳಿದ ಬಟ್ಟೆಗಳನ್ನು ಒಂದೊಂದಾಗಿ ತಂತಿಯಿಂದ ಇಳಿಸತೊಡಗಿದರು. ತಮ್ಮ ಸೀರೆ, ಸೊಸೆಯ ಕುರ್ತಾ, ಒಂದು ಟವೆಲು. ಇಳಿಸಿದ್ದನ್ನು ಎರಡು ಸಲ ಜೋರಾಗಿ ಜಾಡಿಸಿ ಹೆಗಲ ಮೇಲೆ ಹಾಕಿಕೊಳ್ಳುತ್ತಿದ್ದರು. ಜಾಡಿಸಿದಾಗಲೆಲ್ಲ ಸಿಮೆಂಟಿನ ಬೂದು ಬಣ್ಣದ ಸಣ್ಣ ಧೂಳು ಎದ್ದು, ಬಿಸಿಲಿನಲ್ಲಿ ಒಂದಿಷ್ಟು ಹೊತ್ತು ನಿಂತು, ಮೆಲ್ಲಗೆ ಇಳಿಯುತ್ತಿತ್ತು.